ಹತ್ತು, ಐವತ್ತರ ಲೆಕ್ಕ

ಚಿತ್ರದುರ್ಗದ ಚಂದ್ರವಳ್ಳಿಯ ಮಣ್ಣಿನಲ್ಲಿ ಶಾತವಾಹನರ ಸೀಸದ ನಾಣ್ಯಗಳು ದೊರೆತಿವೆ, ರೋಮಿನ ಬೆಳ್ಳಿ ನಾಣ್ಯಗಳೂ ದೊರೆತಿವೆ. ಸುಮಾರು ಎರಡು ಸಾವಿರ ವರ್ಷಗಳ ಹಿಂದೆಯೇ ಈ ನೆಲಕ್ಕೆ ಹಲವು ಬಗೆಯ ಹಣದ ಪರಿಚಯವಿತ್ತು.

ಆದರೆ ಹಣದ ಲೆಕ್ಕ ಬಹುಕಾಲ ಸುಲಭವಾಗಿರಲಿಲ್ಲ. 1957ರ ಏಪ್ರಿಲ್ 1ರವರೆಗೆ ರೂಪಾಯಿಗೆ 16 ಆಣೆ, ಆಣೆಗೆ 12 ಪೈ. ಅಂದಿನ ಮಕ್ಕಳು ಕೂಡುವಾಗ 12 ಪೈಗೊಮ್ಮೆ, 16 ಆಣೆಗೊಮ್ಮೆ ಮುಂದಿನ ಮನೆಗೆ ಒಂದನ್ನು ಒಯ್ಯಬೇಕಿತ್ತು. ಈಗ ರೂಪಾಯಿಗೆ 100 ಪೈಸೆ, ಲೆಕ್ಕ ಹಗುರವಾಗಿದೆ. ಆದರೂ ಬೇರೆ ಬೇರೆ ಮುಖಬೆಲೆಯ ನೋಟುಗಳು ಬೆರೆತ ಸಮಸ್ಯೆ ಬಂದರೆ ಅನೇಕ ಮಕ್ಕಳು ತಡವರಿಸುತ್ತಾರೆ.

ಅಂಥದೊಂದು ಸಮಸ್ಯೆ ನೋಡೋಣ. ಹೊಸದುರ್ಗದ ಸಂತೆಯಲ್ಲಿ ತೆಂಗಿನಕಾಯಿ ಮಾರಿದ ತಾಯಿಯ ಬಳಿ 20 ನೋಟುಗಳಿವೆ. ಪ್ರತಿಯೊಂದೂ ಹತ್ತರದು ಇಲ್ಲವೇ ಐವತ್ತರದು. ಒಟ್ಟು 520 ರೂಪಾಯಿ. ಐವತ್ತರ ನೋಟು ಎಷ್ಟು?

ಬೀಜಗಣಿತ ಬೇಕಿಲ್ಲ. ಎಲ್ಲವೂ ಹತ್ತರ ನೋಟು ಎಂದುಕೊಂಡರೆ 200 ರೂಪಾಯಿ. ಇನ್ನೂ 320 ಬೇಕು. ಒಂದು ಹತ್ತರ ನೋಟು ತೆಗೆದು ಐವತ್ತರದು ಇಟ್ಟರೆ 40 ಹೆಚ್ಚುತ್ತದೆ. 320ನ್ನು 40ರಿಂದ ಭಾಗಿಸಿದರೆ 8. ಐವತ್ತರವು ಎಂಟು, ಹತ್ತರವು ಹನ್ನೆರಡು. ನೋಟಿನ ಸಂಖ್ಯೆ ಬೇರೆ, ಅದರ ಬೆಲೆ ಬೇರೆ ಎಂಬುದು ಮಗುವಿಗೆ ಇಲ್ಲಿ ಮನದಟ್ಟಾಗುತ್ತದೆ.

ಕೆಲವು ಸರ್ಕಾರಿ ಶಾಲೆಗಳು ಮಕ್ಕಳ ಸಂತೆ ನಡೆಸುತ್ತವೆ. ಸೊಪ್ಪು, ತರಕಾರಿ ಮಾರಿ ಬಂದ ಹಣವನ್ನು ಸಂಜೆ ಎಣಿಸುವಾಗ ಶಿಕ್ಷಕರು ಇಂಥದೇ ಪ್ರಶ್ನೆ ಕೇಳಬಹುದು. ಮಕ್ಕಳೇ ನೋಟು ಬದಲಿಸಿ ಉತ್ತರ ಹುಡುಕಬಹುದು.