ಹಾಕ್‌ಟೈಡ್: ಹಗ್ಗ, ಹೂವು ಮತ್ತು ಹಕ್ಕು



ಈಸ್ಟರ್ ಕಳೆದ ಎರಡನೇ ಸೋಮವಾರ, ಮಂಗಳವಾರ ಬಂತೆಂದರೆ ಮಧ್ಯಯುಗದ ಇಂಗ್ಲೆಂಡಿನ ಊರುಗಳಲ್ಲಿ ಗಂಡಸರು ಬೀದಿಗಿಳಿಯಲು ಹಿಂಜರಿಯಬೇಕಿತ್ತು. ಹೆಂಗಸರು ಹಗ್ಗ ಹಿಡಿದು ದಾರಿಗೆ ಅಡ್ಡ ನಿಲ್ಲುತ್ತಿದ್ದರು. ಸಿಕ್ಕವರನ್ನು ಕಟ್ಟಿ, ಕಾಸು ಕೊಟ್ಟ ಮೇಲೆಯೇ ಬಿಡುತ್ತಿದ್ದರು. ಇನ್ನೊಂದು ದಿನ ಕಟ್ಟುವ ಸರದಿ ಗಂಡಸರದು. ಈ ಹಬ್ಬವೇ ಹಾಕ್‌ಟೈಡ್. ‘ಟೈಡ್’ ಎಂದರೆ ಹಬ್ಬದ ಕಾಲ. ‘ಹಾಕ್’ ಎಲ್ಲಿಂದ ಬಂತೆಂಬುದು ಮಾತ್ರ ವಿದ್ವಾಂಸರಿಗೆ ಇಂದಿಗೂ ಬಿಡಿಸಲಾಗದ ಒಗಟು.

ಇದು ಬರೀ ಚೇಷ್ಟೆಯಾಗಿರಲಿಲ್ಲ. ಹೀಗೆ ಕೂಡಿದ ಹಣ ಊರಿನ ಚರ್ಚಿಗೆ ಸೇರುತ್ತಿತ್ತು. ಚರ್ಚಿನ ಹಳೆಯ ಲೆಕ್ಕಪುಸ್ತಕಗಳಲ್ಲಿ ಹೆಂಗಸರು ತಂದ ಮೊತ್ತವೇ ಸಾಮಾನ್ಯವಾಗಿ ಹೆಚ್ಚು. ಗೇಣಿ ಸಲ್ಲಿಸುವ ಗಡುವೂ ಇದೇ ಆಗಿದ್ದರಿಂದ, ಸೆಪ್ಟೆಂಬರ್ ಕೊನೆಯ ಮೈಕಲ್‌ಮಸ್ ಜೊತೆ ಸೇರಿ ಹಾಕ್‌ಟೈಡ್ ರೈತರ ವರ್ಷವನ್ನು ಎರಡು ಪಾಲು ಮಾಡುತ್ತಿತ್ತು.

ದೊಡ್ಡವರಿಗೆ ಈ ಗದ್ದಲ ಹಿಡಿಸಲಿಲ್ಲ. 1450ರಲ್ಲಿ ವೂಸ್ಟರ್‌ನ ಬಿಷಪ್ ಇದನ್ನು ನಿಷೇಧಿಸಿದರು. ಕವೆಂಟ್ರಿಯ ಜನ ಇದೇ ಮಂಗಳವಾರ ಒಂದು ನಾಟಕವಾಡುತ್ತಿದ್ದರು. ಡೆನ್ಮಾರ್ಕಿನಿಂದ ದಂಡೆತ್ತಿ ಬಂದ ಡೇನರನ್ನು ಇಂಗ್ಲಿಷರು ಸೋಲಿಸುವುದು, ಹೆಂಗಸರು ಸೆರೆಯಾಳುಗಳನ್ನು ಎಳೆದೊಯ್ಯುವುದು ಅದರ ಕಥೆ. ಕಟ್ಟುನಿಟ್ಟಿನ ಪಾದ್ರಿಗಳಿಂದಾಗಿ ಅದೂ ನಿಂತಿತು. ಆದರೆ 1575ರಲ್ಲಿ ಎಲಿಜಬೆತ್ ರಾಣಿ ಕೆನಿಲ್‌ವರ್ತ್ ಕೋಟೆಗೆ ಬಂದಾಗ, ಗಾರೆ ಕೆಲಸದ ಕ್ಯಾಪ್ಟನ್ ಕಾಕ್ಸ್ ಮುಂದಾಳಾಗಿ ಕವೆಂಟ್ರಿಯವರು ಅದನ್ನು ಆಕೆಯೆದುರು ಆಡಿದರು. ರಾಣಿ ನಕ್ಕು, ಎರಡು ಜಿಂಕೆಗಳನ್ನೂ ಐದು ಮಾರ್ಕ್ ಹಣವನ್ನೂ ಕೊಟ್ಟಳು. ಅಷ್ಟಾದರೂ ಮುಂದೆ ಹಬ್ಬ ಸೊರಗುತ್ತಲೇ ಹೋಯಿತು.

ಉಳಿದದ್ದು ಬರ್ಕ್‌ಷೈರ್‌ನ ಹಂಗರ್‌ಫರ್ಡ್‌ನಲ್ಲಿ. ಕೆನೆಟ್ ನದಿಯಲ್ಲಿ ಮೀನು ಹಿಡಿಯುವ ಹಕ್ಕನ್ನು 14ನೇ ಶತಮಾನದಲ್ಲಿ ರಾಜಕುಮಾರ ಜಾನ್ ಆಫ್ ಗಾಂಟ್ ತಮಗೆ ಕೊಟ್ಟನೆಂದು ಆ ಊರಿನವರ ನಂಬಿಕೆ. ಹಾಕ್‌ಟೈಡ್ ಮಂಗಳವಾರ ಬೆಳಿಗ್ಗೆ ಪುರಭವನದಿಂದ ಕೊಂಬು ಊದುತ್ತಾರೆ. ನದಿಗೂ ಹುಲ್ಲುಗಾವಲಿಗೂ ಹಕ್ಕುಳ್ಳ ಮನೆಗಳವರು ಹಾಕ್‌ಟೈಡ್ ಕೋರ್ಟಿಗೆ ಬರುತ್ತಾರೆ. ಹೆಸರು ಕೂಗಿ ಹಾಜರಿ ಹಾಕುತ್ತಾರೆ. ಬಾರದವರು ಒಂದು ಪೆನ್ನಿ ಕಟ್ಟಿ ಹಕ್ಕು ಉಳಿಸಿಕೊಳ್ಳಬೇಕು. ಹೂವು ಸುತ್ತಿದ ಕೋಲು ಹಿಡಿದ ‘ಟುಟಿ’ ಗಂಡಸರು ಹಕ್ಕುಳ್ಳ ಮನೆಗಳಿಗೆ ಹೋಗಿ ಮುತ್ತು ಪಡೆಯುತ್ತಾರೆ. ಬೇಕಾದರೆ ಏಣಿ ಹಾಕಿ ಮಹಡಿಯ ಕಿಟಕಿಗೂ ಹತ್ತುತ್ತಾರೆ. ಜೊತೆಗಿರುವ ‘ಕಿತ್ತಳೆಯವನು’ ಪ್ರತಿಯಾಗಿ ಕಿತ್ತಳೆ ಕೊಡುತ್ತಾನೆ.

ಬೇರೆಡೆ ಅಳಿದ ಹಬ್ಬ ಇಲ್ಲೇಕೆ ಉಳಿಯಿತು? ಚರ್ಚಿನ ನಿಧಿಗಾಗಿ ನಡೆದ ಕಡೆ, ಹಣ ಕೂಡಿಸಲು ಬೇರೆ ದಾರಿಯಾದಾಗ ಹಗ್ಗಕ್ಕೆ ಕೆಲಸ ಉಳಿಯಲಿಲ್ಲ. ಹಂಗರ್‌ಫರ್ಡ್‌ನಲ್ಲಿ ಹಬ್ಬ ತಪ್ಪಿದರೆ ನೀರು, ಹುಲ್ಲಿನ ಮೇಲಿನ ಊರೊಟ್ಟಿನ ಹಕ್ಕನ್ನು ನೆನಪಿಸುವ ದಿನವೇ ತಪ್ಪುತ್ತದೆ. ಜನಪದ ಆಚರಣೆಯನ್ನು ಉಳಿಸಬೇಕೆನ್ನುವವರು ಅದರ ವೇಷವನ್ನಷ್ಟೇ ಕಾಪಾಡಿದರೆ ಸಾಲದು. ಅದು ಊರಿಗೆ ಮಾಡುತ್ತಿದ್ದ ಕೆಲಸವನ್ನೂ ಕಾಪಾಡಬೇಕು ಎಂಬುದೇ ನನ್ನ ಮನವಿ.