ಚೀಕಲಪರ್ವಿಯ ಅಂಗಳಕ್ಕೊಂದು ಬಾದಾಮಿ ಗಿಡ

ಮಕ್ಕಳೇ, ಕೆಲವು ಚಾಕೊಲೇಟುಗಳಲ್ಲಿ ದುಂಡನೆಯ ಒಂದು ಬೀಜ ಹಲ್ಲಿಗೆ ಸಿಗುತ್ತದೆ. ಅದರ ಹೆಸರು ಹೇಜಲ್‌ನಟ್. ಜಗತ್ತಿನ ಹೇಜಲ್‌ನಟ್ಟಿನಲ್ಲಿ ಅರ್ಧಕ್ಕಿಂತ ಹೆಚ್ಚು ಬೆಳೆಯುವುದು ಟರ್ಕಿ ದೇಶದಲ್ಲಿ, ಕಪ್ಪು ಸಮುದ್ರದ ದಂಡೆಯ ಗುಡ್ಡಗಳ ಮೇಲೆ. ನಮ್ಮ ಕಾಶ್ಮೀರ, ಹಿಮಾಚಲದ ಕಾಡುಗಳಲ್ಲೂ ಅದರ ಬಳಗದ ಮರವೊಂದಿದೆ. ಅದರ ಸಸಿ ತಂದು ತುಂಗಭದ್ರೆಯ ದಂಡೆಯ ಚೀಕಲಪರ್ವಿಯಲ್ಲಿ, ಹರಿದಾಸ ವಿಜಯದಾಸರು ಹುಟ್ಟಿದ ಈ ಊರಿನಲ್ಲಿ, ಒಂದು ಹಿತ್ತಲಲ್ಲಿ ನೆಟ್ಟೆವು ಅನ್ನಿ. ಕಾಯಿ ಬಿಟ್ಟೀತೇ?

ಬಿಡುವುದು ಕಷ್ಟ. ಹೇಜಲ್ ಗಿಡದ ಮೊಗ್ಗುಗಳು ಚಳಿಗಾಲದಲ್ಲಿ ನಿದ್ದೆಗೆ ಜಾರುತ್ತವೆ. ಸೊನ್ನೆಯಿಂದ ಏಳು ಡಿಗ್ರಿಯಷ್ಟು ಚಳಿ ನೂರಾರು ಗಂಟೆ ತಾಗಿದ ಮೇಲೆಯೇ ಅವುಗಳಿಗೆ ಸರಿಯಾಗಿ ಎಚ್ಚರವಾಗುವುದು. ಇಷ್ಟು ಕಟ್ಟುನಿಟ್ಟು ಏಕೆ? ಹಿಮ ಬೀಳುವ ನಾಡಿನಲ್ಲಿ ನಡುಚಳಿಗಾಲದಲ್ಲೂ ಒಮ್ಮೊಮ್ಮೆ ನಾಲ್ಕು ದಿನ ಬಿಸಿಲು ಕಾಯುತ್ತದೆ. ಬೇಸಿಗೆ ಬಂತೆಂದು ಮೊಗ್ಗು ಆಗಲೇ ಒಡೆದರೆ, ಮರುದಿನದ ಹಿಮಕ್ಕೆ ಚಿಗುರೆಲ್ಲ ಸುಟ್ಟುಹೋಗುತ್ತದೆ. ಹಾಗಾಗಿ ಗಿಡ ತನ್ನೊಳಗೇ ಚಳಿಯ ಲೆಕ್ಕ ಇಡುತ್ತದೆ. ಲೆಕ್ಕ ತುಂಬುವವರೆಗೆ ಏಳುವುದಿಲ್ಲ. ಬೇಸಿಗೆಯಲ್ಲಿ 40 ಡಿಗ್ರಿ ದಾಟುವ, ಡಿಸೆಂಬರಿನಲ್ಲೂ ಒಂದು ಚಾದರ ಸಾಕಾಗುವ ನಮ್ಮ ರಾಯಚೂರು ಸೀಮೆಯಲ್ಲಿ ಆ ಲೆಕ್ಕ ತುಂಬುವುದೇ ಇಲ್ಲ. ಅಂಗಡಿಯಲ್ಲಿ ಸಿಗುವ ಬಾದಾಮಿಯೂ ಚಳಿ ಬೇಡುವ ಮರದ್ದೇ. ಅದಕ್ಕೇ ಅದು ಕಾಶ್ಮೀರದಲ್ಲಿ ಬೆಳೆಯುತ್ತದೆ, ಇಲ್ಲಿ ಬೆಳೆಯುವುದಿಲ್ಲ.

ಬೇಸರ ಬೇಡ. ನಮ್ಮ ಬಿಸಿಲಿಗೆ ಒಗ್ಗುವ, ಬೀಜ ಕೊಡುವ ಮರವೊಂದನ್ನು ನೀವು ಆಗಲೇ ನೋಡಿದ್ದೀರಿ. ಶಾಲೆಯ ಅಂಗಳದಲ್ಲಿ, ಬಸ್ ನಿಲ್ದಾಣದಲ್ಲಿ ದೊಡ್ಡ ದೊಡ್ಡ ಎಲೆ ಹರಡಿ ನಿಂತಿರುತ್ತದಲ್ಲ, ಅದೇ ಬಾದಾಮಿ ಗಿಡ. ಕಾಡುಬಾದಾಮಿ ಎಂದೂ ಕರೆಯುತ್ತಾರೆ. ಅಂಗಡಿಯ ಬಾದಾಮಿ ಗುಲಾಬಿಯ ಕುಟುಂಬದ್ದು. ನಮ್ಮ ಅಂಗಳದ ಬಾದಾಮಿ ಮತ್ತಿ, ಅಳಲೆ, ತಾರೆ ಮರಗಳ ಬಳಗದ್ದು. ವಿಜ್ಞಾನಿಗಳು ಇದನ್ನು ಟರ್ಮಿನೇಲಿಯಾ ಕಟಪ್ಪಾ ಎನ್ನುತ್ತಾರೆ.

ಈ ಗಿಡದ ತವರು ಕಡಲತೀರ. ನಂಬಿಕೆ ಬರದಿದ್ದರೆ ಒಂದು ಒಣಗಿದ ಕಾಯಿಯನ್ನು ಬಕೆಟ್ ನೀರಿಗೆ ಹಾಕಿ ನೋಡಿ. ತೇಲುತ್ತದೆ! ಸಿಪ್ಪೆಯ ಕೆಳಗಿನ ನಾರಿನ ಪದರದಲ್ಲಿ ಗಾಳಿ ತುಂಬಿರುವುದೇ ಕಾರಣ. ದಡದ ಮರದಿಂದ ಬಿದ್ದ ಕಾಯಿ ಅಲೆಗಳ ಮೇಲೆ ದೂರದ ದ್ವೀಪ ಸೇರಿ ಅಲ್ಲಿ ಮೊಳೆಯಬಲ್ಲದು. ಬಾವಲಿಗಳೂ ಹಣ್ಣನ್ನು ಕಚ್ಚಿಕೊಂಡು ಹಾರಿ, ಮೇಲಿನ ತಿರುಳು ತಿಂದು ಓಟೆಯನ್ನು ಬೇರೆಡೆ ಬೀಳಿಸುತ್ತವೆ. ಕಡಲಿನಿಂದ ಇಷ್ಟು ದೂರದ ನಮ್ಮ ಊರುಗಳಿಗೆ ಇದನ್ನು ತಂದದ್ದು ಮಾತ್ರ ಮನುಷ್ಯರೇ, ನೆರಳಿಗಾಗಿ.

ಈಗ ಕಾಯಿಯ ಒಳಗೆ ಇಣುಕೋಣ. ಗಟ್ಟಿ ಓಟೆಯನ್ನು ದೊಡ್ಡವರ ಕೈಯಿಂದ ಒಡೆಸಿ. ಕಿರುಬೆರಳಿಗಿಂತ ತೆಳ್ಳನೆಯ ಬೀಜ ಸಿಗುತ್ತದೆ. ಅದನ್ನು ಮೆಲ್ಲಗೆ ಬಿಡಿಸಿದರೆ ಎರಡು ಬೀಜದೆಲೆಗಳು ಸುರುಳಿ ಸುತ್ತಿಕೊಂಡಿರುವುದು ಕಾಣುತ್ತದೆ. ಶೇಂಗಾ ಬೀಜದ ಎರಡು ಬೇಳೆಗಳೂ ಬೀಜದೆಲೆಗಳೇ, ಆದರೆ ಅವು ಹೀಗೆ ಸುತ್ತಿಕೊಂಡಿರುವುದಿಲ್ಲ. ಕಾಡುಬಾದಾಮಿ ಬೀಜದ ತೂಕದಲ್ಲಿ ಸುಮಾರು ಅರ್ಧದಷ್ಟು ಎಣ್ಣೆಯೇ ಇರುತ್ತದೆ. ಮೊಳಕೆಗೆ ತಾಯಿಮರ ಕಟ್ಟಿಕೊಟ್ಟ ಬುತ್ತಿ ಇದು. ಬೇರು ನೆಲ ಹಿಡಿದು, ಎಲೆ ಬಿಸಿಲು ಕುಡಿದು ತನ್ನ ಊಟ ತಾನೇ ತಯಾರಿಸುವವರೆಗೆ ಎಳೆ ಗಿಡ ಇದನ್ನೇ ಉಂಡು ಬದುಕುತ್ತದೆ. ನಾವು ಬೀಜ ತಿಂದಾಗ ಆ ಬುತ್ತಿಯನ್ನೇ ತಿನ್ನುತ್ತೇವೆ.

ಒಂದು ಎಚ್ಚರಿಕೆ. ಗೊತ್ತಿಲ್ಲದ ಬೀಜವನ್ನು ಎಂದೂ ಬಾಯಿಗೆ ಹಾಕಬೇಡಿ. ಹೊಲದ ಬದುವಿನ ಔಡಲ, ಬೇಲಿಯ ಜಟ್ರೋಫಾ ಬೀಜಗಳು ನೋಡಲು ಚೆಂದ, ಆದರೆ ವಿಷ. ಬಾದಾಮಿ ಬೀಜವನ್ನೂ ಮನೆಯ ಹಿರಿಯರು ಗುರುತಿಸಿ ಕೊಟ್ಟರೆ ಮಾತ್ರ ತಿನ್ನಿ. ಬೀಜಗಳನ್ನು ತಿಂದರೆ ಅಲರ್ಜಿಯಾಗುವವರು ತಿನ್ನಲೇಬಾರದು.

ಗಿಡ ಬೆಳೆಸುವ ಬಗೆ ಸುಲಭ. ಬಲಿತು ತಾನೇ ಬಿದ್ದ ನಾಲ್ಕೈದು ಹಣ್ಣು ಆರಿಸಿ. ತಿರುಳು ತೆಗೆದು ಒಂದು ರಾತ್ರಿ ನೀರಿನಲ್ಲಿ ನೆನೆಸಿ. ಎರೆ ಮಣ್ಣು ಒದ್ದೆಯಾದರೆ ಅಂಟುತ್ತದೆ, ಒಣಗಿದರೆ ಬಿರಿಯುತ್ತದೆ. ಅದಕ್ಕೆ ಮರಳನ್ನೂ ತಿಪ್ಪೆಗೊಬ್ಬರವನ್ನೂ ಬೆರೆಸಿ ಚೀಲದಲ್ಲಿ ತುಂಬಿ. ಓಟೆಯನ್ನು ಒಂದೆರಡು ಬೆರಳಿನ ಆಳಕ್ಕೆ ಊರಿ, ಮಣ್ಣು ಆರದಂತೆ ನೀರು ಚಿಮುಕಿಸುತ್ತಿರಿ. ಮೊಳೆಯಲು ಕೆಲವು ವಾರ ಬೇಕು. ಎಲ್ಲವೂ ಮೊಳೆಯುವುದಿಲ್ಲ, ಅದಕ್ಕೇ ನಾಲ್ಕೈದು ಹಾಕುವುದು. ಮುಂಗಾರು ಹಿಡಿದ ಮೇಲೆ ಸಸಿಯನ್ನು ನೆಲಕ್ಕೆ ಇಡಿ. ಮನೆಯ ಗೋಡೆ, ಕರೆಂಟಿನ ತಂತಿಗಳಿಂದ ದೂರವಿರಲಿ, ಏಕೆಂದರೆ ಈ ಮರ ಎತ್ತರಕ್ಕೂ ಅಗಲಕ್ಕೂ ಬೆಳೆಯುತ್ತದೆ. ಮೊದಲ ಒಂದೆರಡು ಬೇಸಿಗೆ ನೀರು ಹಾಕಿ, ಆಡು ಮೇಯದಂತೆ ಮುಳ್ಳು ಕಟ್ಟಿ. ಮೂರ್ನಾಲ್ಕು ವರ್ಷಕ್ಕೆ ಕಾಯಿ ಬಿಡಲು ತೊಡಗಬಹುದು.

ಬೆಳೆಯುವಾಗ ಅದರ ಆಕಾರ ಗಮನಿಸಿ. ಕಾಂಡ ಒಂದಿಷ್ಟು ಮೇಲೇರಿ ಸುತ್ತಲೂ ರೆಂಬೆ ಚಾಚುತ್ತದೆ, ಮತ್ತೆ ಮೇಲೇರಿ ಮತ್ತೆ ಚಾಚುತ್ತದೆ. ಹೀಗೆ ಅಂತಸ್ತಿನ ಮೇಲೆ ಅಂತಸ್ತು. ಎಲೆಗಳು ರೆಂಬೆಯ ತುದಿಯಲ್ಲಿ ಗೊಂಚಲಾಗಿರುತ್ತವೆ. ಎಲೆ ಉದುರುವ ಮುಂಚೆ ಗಿಡ ತನ್ನ ಹಸಿರು ಬಣ್ಣದ ವಸ್ತುವನ್ನು ಒಡೆದು ಅದರಲ್ಲಿದ್ದ ಪೋಷಕಾಂಶಗಳನ್ನು ವಾಪಸು ಎಳೆದುಕೊಳ್ಳುತ್ತದೆ. ಆಗ ಎಲೆಯಲ್ಲಿ ಕೆಂಪು ಬಣ್ಣ ಮೂಡಿ ಮರವೆಲ್ಲ ಕೆಂಪೇರುತ್ತದೆ. ಉದುರಿದ ಒಣ ಎಲೆಯೊಂದನ್ನು ಗಾಜಿನ ಲೋಟದ ನೀರಿನಲ್ಲಿ ಎರಡು ದಿನ ಇಡಿ. ನೀರು ಚಹಾದ ಬಣ್ಣಕ್ಕೆ ತಿರುಗುತ್ತದೆ. ಅದು ಎಲೆಯಿಂದ ನೀರಿಗೆ ಇಳಿದ ಟ್ಯಾನಿನ್ ಎಂಬ ವಸ್ತು. ಅದಕ್ಕೆ ತುಕ್ಕು ಹಿಡಿದ ಮೊಳೆಯೊಂದನ್ನು ಹಾಕಿಟ್ಟರೆ ಬಣ್ಣ ಕಪ್ಪಾಗುತ್ತಾ ಹೋಗುತ್ತದೆ. ಟ್ಯಾನಿನ್ ಮತ್ತು ಕಬ್ಬಿಣ ಕೂಡಿದ್ದರ ಫಲ ಅದು. ಹಿಂದೆ ಮಸಿ ತಯಾರಿಸುತ್ತಿದ್ದದ್ದೂ ಈ ಗುಣದಿಂದಲೇ. ಮೊಳೆಯನ್ನು ಹುಷಾರಾಗಿ ಹಿಡಿಯಿರಿ, ಆ ನೀರನ್ನು ಕುಡಿಯಬೇಡಿ.

ಇನ್ನೊಂದು ಕೆಲಸ ನಿಮಗೆ. ಹೇಜಲ್ ಗಿಡ ಚಳಿಯ ಲೆಕ್ಕ ಇಡುವುದನ್ನು ವಿಜ್ಞಾನಿಗಳು ಕಂಡುಕೊಂಡದ್ದು ವರ್ಷಗಟ್ಟಲೆ ಗಿಡಗಳನ್ನು ನೋಡಿ, ಬರೆದಿಟ್ಟು. ನೀವೂ ಒಂದು ನೋಟುಬುಕ್ ಇಡಿ. ನಿಮ್ಮ ಬಾದಾಮಿ ಗಿಡದ ಎಲೆ ಕೆಂಪಾದ ದಿನ, ಚಿಗುರು ಬಂದ ದಿನ, ಹೂ ಕಂಡ ದಿನ, ಮೊದಲ ಹಣ್ಣು ಬಿದ್ದ ದಿನ ಬರೆಯಿರಿ. ಮಾನ್ವಿಯ, ದೇವದುರ್ಗದ, ರಾಯಚೂರಿನ ಗೆಳೆಯರಿಗೂ ಹೇಳಿ ಬರೆಸಿ. ಯಾವ ಊರಿನ ಗಿಡ ಮೊದಲು ಕೆಂಪಾಯಿತು? ನದಿಯ ದಂಡೆಯದ್ದೋ, ಒಣ ಬಯಲಿನದ್ದೋ? ಮಳೆ ತಡವಾದ ವರ್ಷ ಏನು ಬದಲಾಯಿತು? ಉತ್ತರ ನಿಮ್ಮ ನೋಟುಬುಕ್ಕಿನಲ್ಲೇ ಸಿಗಬೇಕು.