ಪಿಂಚಣಿ ಭಿಕ್ಷೆಯಲ್ಲ, ವಿಳಂಬ ವಿಧಿಯಲ್ಲ

(ಹಿರಿಯ ನಾಗರಿಕರು ಮತ್ತು ವಿಕಲಚೇತನರ ಮಾಹಿತಿ ಸಭೆಯೊಂದರಲ್ಲಿ ಮಾಡಿದ ಭಾಷಣದ ಲಿಖಿತ ರೂಪ)



ಕೆಲವು ವರ್ಷಗಳ ಹಿಂದಿನ ಮಾತು. ನಮ್ಮ ಮೊಹಲ್ಲಾದ ತಾಯಿಯೊಬ್ಬರು ಸಂಧ್ಯಾ ಸುರಕ್ಷಾ ಪಿಂಚಣಿಗೆ ಅರ್ಜಿ ಸಲ್ಲಿಸಿದ್ದರು. ನಲವತ್ತು ವರ್ಷ ಬೀಡಿ ಕಟ್ಟಿದ ಕೈ ಅವರದು. ಆದರೆ ಕಟ್ಟಿದ್ದು ಇನ್ನೊಬ್ಬರ ಹೆಸರಿನ ಪುಸ್ತಕದಲ್ಲಾದ್ದರಿಂದ ಭವಿಷ್ಯನಿಧಿಯ ಒಂದು ರೂಪಾಯಿಯೂ ಅವರ ಹೆಸರಿನಲ್ಲಿರಲಿಲ್ಲ. ಮೊದಲ ಬಾರಿ ಅರ್ಜಿ ಹಿಂದಿರುಗಿತು. ಪಡಿತರ ಚೀಟಿಯಲ್ಲಿ ಒಂದು ಹೆಸರು, ಆಧಾರ್‌ನಲ್ಲಿ ಇನ್ನೊಂದು. ಎರಡನೆಯ ಬಾರಿ ವಯಸ್ಸಿನ ದಾಖಲೆಯ ತಕರಾರು. ಮೂರನೆಯ ಬಾರಿ ಬ್ಯಾಂಕ್ ಖಾತೆಗೆ ಆಧಾರ್ ಜೋಡಣೆಯಾಗಿಲ್ಲವೆಂಬ ಕಾರಣ. ಹದಿನಾಲ್ಕು ತಿಂಗಳು ಹೀಗೆಯೇ ಕಳೆದವು. ಕೊನೆಗೆ ಮಂಜೂರಾತಿ ಆದೇಶ ಬಂದಾಗ ಅದನ್ನು ಸ್ವೀಕರಿಸಲು ಆ ತಾಯಿ ಇರಲಿಲ್ಲ. ಅವರು ನಿಧನರಾಗಿ ನಲವತ್ತು ದಿನಗಳು ಕಳೆದಿದ್ದವು. ಮಗ ಆ ಕಾಗದವನ್ನು ನಮ್ಮ ಮುಂದಿಟ್ಟು, "ಇದನ್ನೀಗ ಏನು ಮಾಡಲಿ?" ಎಂದು ಕೇಳಿದಾಗ ನಮ್ಮಲ್ಲಿ ಉತ್ತರವಿರಲಿಲ್ಲ.

ಇಂದು ನಾವು ಮಾತಾಡಬೇಕಾದುದು ಆ ಹದಿನಾಲ್ಕು ತಿಂಗಳುಗಳ ಕುರಿತು.

ಪಿಂಚಣಿಯನ್ನು ಸರಕಾರದ ಔದಾರ್ಯವೆಂದು ಭಾವಿಸುವವರು ಅಧಿಕಾರಿಗಳಲ್ಲಿ ಮಾತ್ರವಲ್ಲ, ನಮ್ಮ ನಡುವೆಯೂ ಇದ್ದಾರೆ. 1982ರ ದಶಂಬರ 17ರಂದು ಡಿ.ಎಸ್. ನಕಾರಾ ಪ್ರಕರಣದಲ್ಲಿ ತೀರ್ಪಿತ್ತ ಸುಪ್ರೀಮ್ ಕೋರ್ಟ್, ನಿವೃತ್ತಿ ವೇತನವು ಮಾಲಕನ ಕೃಪೆಯಲ್ಲ, ದುಡಿದವನ ಹಕ್ಕು ಎಂದು ಸ್ಪಷ್ಟಪಡಿಸಿತು. 1984ರಲ್ಲಿ ಕೇರಳದ ನಿವೃತ್ತ ನೌಕರರೊಬ್ಬರ ಪ್ರಕರಣದಲ್ಲಿ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಅಕ್ಷಮ್ಯ ವಿಳಂಬಕ್ಕೆ ಬಡ್ಡಿ ತೆರಬೇಕೆಂದಿತು. ಇವು ಸರಕಾರಿ ನೌಕರರ ಪ್ರಕರಣಗಳು, ನಿಜ. ಆದರೆ ಗದ್ದೆಯಲ್ಲಿ, ಗುಜರಿ ಅಂಗಡಿಯಲ್ಲಿ, ಬೀಡಿ ಮೊರದ ಮುಂದೆ ಬೆನ್ನು ಬಾಗಿಸಿದವರು ಈ ನಾಡಿಗೆ ದುಡಿದವರಲ್ಲವೇ?

ಇಂತಹವರಿಗಾಗಿ ಕೇಂದ್ರ ಸರಕಾರ 1995ರ ಆಗಸ್ಟ್ 15ರಂದು ರಾಷ್ಟ್ರೀಯ ಸಾಮಾಜಿಕ ನೆರವು ಕಾರ್ಯಕ್ರಮವನ್ನು ಆರಂಭಿಸಿತು. ಆಗ ವೃದ್ಧರಿಗೆ ತಿಂಗಳಿಗೆ 75 ರೂ. ನಂತರ ಅದು 200 ರೂ. ಆಯಿತು. 2011ರಲ್ಲಿ ಅರ್ಹತೆಯ ವಯಸ್ಸನ್ನು 65ರಿಂದ 60ಕ್ಕೆ ಇಳಿಸಿ, 80 ದಾಟಿದವರಿಗೆ 500 ರೂ. ನಿಗದಿಪಡಿಸಲಾಯಿತು. ಆದರೆ 79ರ ವರೆಗಿನವರಿಗೆ ಕೇಂದ್ರದ ಪಾಲು 2024ರಲ್ಲೂ ಅದೇ 200 ರೂ. ಆಗಿತ್ತು. ಕರ್ನಾಟಕವು 2007ರಲ್ಲಿ 65 ದಾಟಿದವರಿಗೆ 400 ರೂ.ಗಳ ಸಂಧ್ಯಾ ಸುರಕ್ಷಾ ಯೋಜನೆಯನ್ನು ತಂದಿತು. 2021ರಲ್ಲಿ ಅದನ್ನು 1,200 ರೂ.ಗೆ ಏರಿಸಲಾಯಿತು. ಮೊತ್ತ ಸಣ್ಣದು. ಆದರೆ ರಕ್ತದೊತ್ತಡದ ಮಾತ್ರೆಗಾಗಿ ಸೊಸೆಯ ಮುಖ ನೋಡಬೇಕಾದ ಅತ್ತೆಗೆ ಅದು ಮಾತ್ರೆಯೂ ಹೌದು, ಮರ್ಯಾದೆಯೂ ಹೌದು.

ಹಾಗಾದರೆ ಅರ್ಜಿ ಎಲ್ಲಿ ನಿಲ್ಲುತ್ತದೆ? ನಾಡಕಚೇರಿಯಲ್ಲಿ ಸಲ್ಲಿಕೆಯಾದ ಅರ್ಜಿ, ಹಿಂದೆ ಗ್ರಾಮ ಲೆಕ್ಕಿಗರೆಂದು ಕರೆಯಲಾಗುತ್ತಿದ್ದ ಗ್ರಾಮ ಆಡಳಿತಾಧಿಕಾರಿಯ ಬಳಿಗೆ, ಅಲ್ಲಿಂದ ಕಂದಾಯ ನಿರೀಕ್ಷಕರ ಬಳಿಗೆ, ಬಳಿಕ ಮಂಜೂರು ಮಾಡುವ ಅಧಿಕಾರಿಯ ಮೇಜಿಗೆ ಹೋಗುತ್ತದೆ. ಪರಿಶೀಲನೆ ಬೇಡವೆಂದು ನಾವು ಹೇಳುವುದಿಲ್ಲ. ಅನರ್ಹರು ನುಸುಳಿದರೆ ನಷ್ಟ ಬಡವರಿಗೇ. ಆದರೆ ಪರಿಶೀಲನೆಗೂ ಒಂದು ಗಡುವು ಬೇಕಲ್ಲವೇ?

ಆ ಗಡುವು ಕಾನೂನಿನಲ್ಲಿದೆ. 2011ರ ಸಕಾಲ ಕಾಯ್ದೆಯು 2012ರ ಎಪ್ರಿಲ್ 2ರಂದು ರಾಜ್ಯದಾದ್ಯಂತ ಜಾರಿಗೆ ಬಂತು. ಅದರ ವ್ಯಾಪ್ತಿಯ ಪ್ರತಿ ಸೇವೆಗೂ ದಿನಗಳ ಮಿತಿಯಿದೆ. ಅರ್ಜಿ ಸಲ್ಲಿಸಿದವರಿಗೆ 15 ಅಂಕಿಗಳ ಸಂಖ್ಯೆಯಿರುವ ಸ್ವೀಕೃತಿ ಕೊಡಬೇಕು. ಮಿತಿ ಮೀರಿದರೆ ಅಥವಾ ಅರ್ಜಿ ತಿರಸ್ಕೃತವಾದರೆ ಮೇಲ್ಮನವಿ ಸಲ್ಲಿಸಬಹುದು. ವಿಳಂಬಕ್ಕೆ ದಿನಕ್ಕೆ 20 ರೂ.ನಂತೆ ಗರಿಷ್ಠ 500 ರೂ. ಪರಿಹಾರ ಕೇಳಬಹುದು. ಆ ತಾಯಿಯ ಬಳಿ ಈ ಸ್ವೀಕೃತಿ ಇರಲಿಲ್ಲ. ಅವರು ಅರ್ಜಿ ಕೊಟ್ಟದ್ದು ಕಚೇರಿಗಲ್ಲ, ದಲ್ಲಾಳಿಗೆ! ಸಾವಿರದೈನೂರು ರೂಪಾಯಿ ಪಡೆದ ಆತ ಅರ್ಜಿಯನ್ನು ಯಾವಾಗ ಸಲ್ಲಿಸಿದನೆಂಬುದೇ ಯಾರಿಗೂ ತಿಳಿಯದು.

ವಿಕಲಚೇತನರ ಪಾಡು ಇನ್ನೂ ಕಠಿಣ. ಪಿಂಚಣಿಯ ಸರದಿಗೆ ಮುನ್ನ ಅವರು ಪ್ರಮಾಣಪತ್ರದ ಸರದಿಯಲ್ಲಿ ನಿಲ್ಲಬೇಕು. 2016ರ ಕಾಯ್ದೆಯು ಅಂಗವೈಕಲ್ಯದ ವರ್ಗಗಳನ್ನು 7ರಿಂದ 21ಕ್ಕೆ ಏರಿಸಿದ್ದು ಸ್ವಾಗತಾರ್ಹ. 2017ರ ನಿಯಮಗಳು ಪ್ರಮಾಣಪತ್ರಕ್ಕೆ ಒಂದು ತಿಂಗಳ ಅವಧಿ ನೀಡಿದ್ದವು. 2024ರ ತಿದ್ದುಪಡಿ ಅದನ್ನು ಮೂರು ತಿಂಗಳಿಗೆ ಹಿಗ್ಗಿಸಿತು. ಕೆಲಸದ ವೇಗ ಹೆಚ್ಚಿಸುವ ಬದಲು ಗಡುವನ್ನೇ ಉದ್ದ ಮಾಡುವುದು ಯಾವ ಸೀಮೆಯ ಸುಧಾರಣೆ? ಮಗನನ್ನು ಹೊತ್ತುಕೊಂಡು ಜಿಲ್ಲಾಸ್ಪತ್ರೆಗೆ ಬಂದ ತಂದೆಗೆ, "ಇಂದು ತಜ್ಞರು ಬಂದಿಲ್ಲ" ಎಂಬ ಉತ್ತರ ಸಿಕ್ಕರೆ, ಆ ದಿನದ ಕೂಲಿಯನ್ನೂ ಬಾಡಿಗೆಯನ್ನೂ ಕೊಡುವವರು ಯಾರು?

ಭವಿಷ್ಯನಿಧಿಯ ಸದಸ್ಯರಾಗಿರುವ ಬೀಡಿ ಕಾರ್ಮಿಕರೂ ಗಮನಿಸಬೇಕು. 1995ರ ನೌಕರರ ಪಿಂಚಣಿ ಯೋಜನೆಯಲ್ಲಿ ಹತ್ತು ವರ್ಷಗಳ ಅರ್ಹ ಸೇವೆಯಿದ್ದರೆ 58ರ ವಯಸ್ಸಿನಲ್ಲಿ ಪಿಂಚಣಿ ಲಭ್ಯ. 2014ರ ಸೆಪ್ಟಂಬರ್‌ನಿಂದ ಕನಿಷ್ಠ ಮೊತ್ತವನ್ನು 1,000 ರೂ. ಎಂದು ನಿಗದಿಪಡಿಸಲಾಯಿತು. ಎಲ್ಲ ವಿಧದಲ್ಲೂ ಪೂರ್ಣವಾದ ಅರ್ಜಿಯನ್ನು 20 ದಿನಗಳೊಳಗೆ ಇತ್ಯರ್ಥಪಡಿಸಬೇಕೆಂದೂ, ಸಕಾರಣವಿಲ್ಲದೆ ತಡವಾದರೆ ಶೇ. 12ರ ಬಡ್ಡಿಯನ್ನು ಅಧಿಕಾರಿಯ ಸಂಬಳದಿಂದ ಕಡಿತ ಮಾಡಬಹುದೆಂದೂ ಆ ಯೋಜನೆಯ ನಿಯಮ ಹೇಳುತ್ತದೆ. ಇಲ್ಲಿ 'ಪೂರ್ಣವಾದ ಅರ್ಜಿ' ಎಂಬ ಮಾತೇ ಮುಖ್ಯ. ಒಂದು ಅಕ್ಷರ ತಪ್ಪಿದರೆ ಗಡುವಿನ ರಕ್ಷಣೆಯೂ ತಪ್ಪುತ್ತದೆ.

ಈ ಅಕ್ಷರದ ವಿಷಯದಲ್ಲಿ ನಮ್ಮ ಸಮುದಾಯದ ನಿರ್ಲಕ್ಷ್ಯವನ್ನೂ ಒಪ್ಪಿಕೊಳ್ಳೋಣ. ಒಂದೇ ಮಹಿಳೆ ಮತದಾರರ ಪಟ್ಟಿಯಲ್ಲಿ ಬೀಪಾತುಮ್ಮ, ಆಧಾರ್‌ನಲ್ಲಿ ಬೀಫಾತಿಮಾ, ಬ್ಯಾಂಕಿನಲ್ಲಿ ಬರೇ ಫಾತಿಮಾ! ಮದುವೆಯ ಊಟದ ಪಟ್ಟಿಯನ್ನು ನಾಲ್ಕು ಬಾರಿ ತಿದ್ದುವ ನಾವು, ಮನೆಯ ಹಿರಿಯರ ಹೆಸರನ್ನು ಒಮ್ಮೆಯೂ ತಿದ್ದಿಸಿಲ್ಲ. ಅಗತ್ಯ ಬಿದ್ದಾಗ ಓಡುತ್ತೇವೆ. ಅಷ್ಟರಲ್ಲಿ ಎಲೆ ಸುತ್ತಿ ಸುತ್ತಿ ಬೆರಳಚ್ಚು ಸವೆದಿರುತ್ತದೆ, ಯಂತ್ರ ಅವರನ್ನು ಗುರುತಿಸುವುದಿಲ್ಲ.

ಖಲೀಫಾ ಉಮರ್(ರ)ರವರು ಭಿಕ್ಷೆ ಬೇಡುತ್ತಿದ್ದ ವೃದ್ಧ ಯಹೂದಿಯೊಬ್ಬರನ್ನು ಕಂಡು, ಬೈತುಲ್‌ಮಾಲ್‌ನಿಂದ ಅವರ ಜೀವನಕ್ಕೆ ವ್ಯವಸ್ಥೆ ಮಾಡಿಸಿದರೆಂದು ಇತಿಹಾಸ ಹೇಳುತ್ತದೆ. ಅಲ್ಲಿ ಅರ್ಜಿದಾರ ಕಚೇರಿಗೆ ಅಲೆಯಲಿಲ್ಲ, ಆಡಳಿತವೇ ಅವನನ್ನು ಗುರುತಿಸಿತು. ಇಂದಿನ ಸರಕಾರಗಳಿಂದ ನಾವು ಬಯಸುವುದೂ ಅದನ್ನೇ. ಪ್ರಾಯವೆಷ್ಟೆಂದು ಆಧಾರ್‌ನಿಂದಲೂ, ಬಡತನವೆಷ್ಟೆಂದು ಪಡಿತರ ಚೀಟಿಯಿಂದಲೂ ಬಲ್ಲ ಸರಕಾರಕ್ಕೆ ಅರ್ಹರನ್ನು ತಾನಾಗಿಯೇ ಗುರುತಿಸುವುದು ಅಸಾಧ್ಯವೇನಲ್ಲ.

ಅಲ್ಲಿಯ ವರೆಗೆ ನಾವು ಸುಮ್ಮನೆ ಕೂರಬೇಕಾಗಿಲ್ಲ. ಪ್ರತಿ ಜಮಾಅತ್ ತನ್ನ ವ್ಯಾಪ್ತಿಯ ವೃದ್ಧರ, ವಿಧವೆಯರ, ವಿಕಲಚೇತನರ ಪಟ್ಟಿಯೊಂದನ್ನು ತಯಾರಿಸಲಿ. ನೆರೆಯ ಹಿಂದೂ, ಕ್ರೈಸ್ತ ಮನೆಗಳ ಹಿರಿಯರೂ ಅದರಲ್ಲಿರಲಿ. ಹಸಿವಿಗೆ ಮೊಹಲ್ಲಾದ ಗಡಿಯಿಲ್ಲ. ಕಲಿತ ಇಬ್ಬರು ಯುವಕರು, ಇಬ್ಬರು ಯುವತಿಯರು ತಿಂಗಳಲ್ಲಿ ಒಂದು ದಿನ ಅವರ ದಾಖಲೆಗಳನ್ನು ಜೋಡಿಸಿ, ದಲ್ಲಾಳಿಯಿಲ್ಲದೆ ಅರ್ಜಿ ಸಲ್ಲಿಸಿ, ಸ್ವೀಕೃತಿಯ ದಿನಾಂಕವನ್ನು ಬರೆದಿಡಲಿ. ಗಡುವು ಮೀರಿದ ಮರುದಿನವೇ ಮೇಲ್ಮನವಿ ಹೋಗಲಿ.

ಆ ಮಗ ನಮಗೆ ತೋರಿಸಿದ ಕಾಗದ ಈಗಲೂ ಅವನ ಮನೆಯಲ್ಲಿದೆ. ಇನ್ನೊಂದು ಮನೆಗೆ ಅಂತಹ ಕಾಗದ ಬಾರದಿರಲಿ. ಬರುವುದಾದರೆ, ಅದನ್ನು ಪಡೆಯಬೇಕಾದವರು ಬದುಕಿರುವಾಗಲೇ ಬರಲಿ.